ಓದುಗರ ಪ್ರಶ್ನೆ, ನಮ್ಮ ಉತ್ತರ: ಅಟ್ಟದಿಂದ ಇಳಿದ ಫ್ಯಾಂಟಮ್

ಹಳೇ ಕಾಮಿಕ್ಸ್ ಯಾರ ಮನೇಲಿ ಇನ್ನೂ ಉಳಿದಿವೆ ಅಂತ ಹಿಂದಿನ ಸಂಚಿಕೆಯಲ್ಲಿ ಸುಮ್ನೆ ಒಂದು ಸಾಲು ಕೇಳಿದ್ದೆ. ಕಾರವಾರದಿಂದ ಭಟ್ಕಳದ ತನಕ, ಘಟ್ಟದ ಮೇಲೆ ಸಿರ್ಸಿ, ಯಲ್ಲಾಪುರದಿಂದ ಕೂಡ ಪತ್ರಗಳು ಬಂದವು. ಮುಕ್ಕಾಲು ಪಾಲು ಒಬ್ಬನ ಬಗ್ಗೆಯೇ, ಮುಖವಾಡ ಹಾಕಿಕೊಂಡು ಕಾಡಿನಲ್ಲಿದ್ದು ಕಳ್ಳರನ್ನು ಹಿಡಿಯುವ ಅಮೆರಿಕದ ಕಾಮಿಕ್ಸ್ ನಾಯಕ. ಹಾಗಾಗಿ ಈ ಸಲ ಅಂಕಣ ಪೂರ್ತಿ ಫ್ಯಾಂಟಮ್‌ನದ್ದು. ಒಂದೇ ಥರದ ಪ್ರಶ್ನೆಗಳನ್ನು ಸೇರಿಸಿ ಒಂದು ಮಾಡಿದ್ದೇನೆ, ಬೇಜಾರು ಮಾಡ್ಕೋಬೇಡಿ.

ಸಿರ್ಸಿಯಿಂದ: ಹಳೇ ಮನೆ ಅಟ್ಟ ಖಾಲಿ ಮಾಡುವಾಗ ಇಂದ್ರಜಾಲ ಕಾಮಿಕ್ಸ್‌ನ ದೊಡ್ಡ ಕಟ್ಟು ಸಿಕ್ಕಿತು. ಕೆಲವದರ ಮೇಲೆ 200, 300 ಅಂತ ನಂಬರ್ ಇದೆ. ಕೆಲವದರ ಮೇಲೆ ಸಂಪುಟ 22, ಸಂಖ್ಯೆ 14 ಅಂತೆಲ್ಲ ಇದೆ. ಇವೆಲ್ಲ ಒಂದೇ ಸರಣಿಯವಾ? ಹೇಗೆ ಜೋಡಿಸೋದು?

ಒಂದೇ ಸರಣಿ. ಟೈಮ್ಸ್ ಆಫ್ ಇಂಡಿಯಾ ಪತ್ರಿಕೆಯ ಒಡೆಯರಾದ ಬೆನೆಟ್ ಕೋಲ್ಮನ್ ಕಂಪನಿ 1964ರ ಮಾರ್ಚ್‌ನಲ್ಲಿ ಇಂದ್ರಜಾಲ ಶುರು ಮಾಡಿತು. ಮೊದಲ ಸಂಚಿಕೆಯಲ್ಲಿ ಬಂದದ್ದು ಫ್ಯಾಂಟಮ್‌ನ ಬೆಲ್ಟಿನ ಕಥೆ. ಮೊದಲು ತಿಂಗಳಿಗೊಂದು ಬರುತ್ತಿತ್ತು, ಆಮೇಲೆ ಹದಿನೈದು ದಿನಕ್ಕೊಂದು ಆಯಿತು, ಕಡೆಗೆ ವಾರಕ್ಕೊಂದು. ಒಂದರಿಂದ ಶುರುವಾದ ನಂಬರ್ 400 ದಾಟುವ ತನಕ ಹಾಗೇ ಏರುತ್ತಾ ಹೋಯಿತು. ಎಂಬತ್ತರ ದಶಕದಲ್ಲಿ ಆ ಪದ್ಧತಿ ಬಿಟ್ಟು ಸಂಪುಟ, ಸಂಖ್ಯೆ ಅಂತ ಹಾಕತೊಡಗಿದರು. ನಿಮಗೆ ಗೊಂದಲ ಆಗಿರೋದು ಅಲ್ಲಿಯೇ.

ಲೆಕ್ಕ ಸುಲಭ ಇದೆ ಮಾರಾಯ್ರೆ. 1964 ಅಂದರೆ ಮೊದಲ ಸಂಪುಟ. ಸಂಪುಟದ ಸಂಖ್ಯೆಗೆ 1963 ಕೂಡಿಸಿದರೆ ವರ್ಷ ಸಿಗುತ್ತದೆ. ನಿಮ್ಮ ಸಂಪುಟ 22 ಅಂದರೆ 1985. ಅಷ್ಟರಲ್ಲಿ ಅದು ವಾರಪತ್ರಿಕೆ ಆಗಿತ್ತು, ಹಾಗಾಗಿ ಸಂಖ್ಯೆ 14 ಅಂದರೆ ಏಪ್ರಿಲ್ ಶುರು ಅಂತ ಇಟ್ಕೊಳ್ಳಿ. ಮೊದಲು ಬರೀ ನಂಬರ್ ಇರೋವನ್ನು ಜೋಡಿಸಿ, ಅದರ ಹಿಂದೆ ಸಂಪುಟದವು. ಕನ್ನಡ ಒಂದು ಕಡೆ, ಇಂಗ್ಲಿಷ್ ಒಂದು ಕಡೆ. ಎರಡನ್ನೂ ಒಂದೇ ಸಾಲಲ್ಲಿ ಬೆರೆಸಲು ಹೋಗಬೇಡಿ, ತಲೆ ಕೆಡುತ್ತದೆ.

ಇನ್ನೊಂದು ಮಾತು. ನಡುವೆ ನಂಬರ್ ಬಿಟ್ಟುಹೋಗಿದ್ದರೆ ಫ್ಯಾಂಟಮ್ ಕಥೆಯೇ ಹೋಯಿತು ಅಂತ ಅಳಬೇಡಿ. ಮೊದಲ 32 ಸಂಚಿಕೆ ಮಾತ್ರ ಬರೀ ಫ್ಯಾಂಟಮ್. ಆಮೇಲೆ ಮಾಂಡ್ರೇಕ್ ಬಂದ, ಫ್ಲ್ಯಾಶ್ ಗಾರ್ಡನ್ ಬಂದ, ರಿಪ್ ಕರ್ಬಿ, ಬಜ್ ಸಾಯರ್ ಎಲ್ಲ ಸರದಿ ಹಿಡಿದರು. 1976ರಲ್ಲಿ ಆಬಿದ್ ಸುರತಿಯವರ ಬಹಾದ್ದೂರ್ ಬಂದ, ಇಲ್ಲೇ ಹುಟ್ಟಿದ ನಾಯಕ. 1990ರ ಏಪ್ರಿಲ್‌ನಲ್ಲಿ ನಿಲ್ಲುವ ಹೊತ್ತಿಗೆ ಒಟ್ಟು ಸಂಚಿಕೆಗಳು 800 ದಾಟಿದ್ದವು.

ಜೋಡಿಸುವಾಗ ಮುಖಪುಟ ಒಮ್ಮೆ ನಿಧಾನ ನೋಡಿ. ಆ ಬಣ್ಣದ ಚಿತ್ರಗಳಲ್ಲಿ ತುಂಬಾ ಬಿ. ಗೋವಿಂದ್ ಅವರ ಕೈಯವು. ಒಳಗಿನ ಚಿತ್ರ ಅಮೆರಿಕದ್ದು, ಹೊರಗಿನದ್ದು ನಮ್ಮವರದ್ದು. ಎಷ್ಟೋ ಸಲ ಒಳಗಿನದಕ್ಕಿಂತ ಹೊರಗಿನದ್ದೇ ಚೆಂದ ಇರುತ್ತಿತ್ತು ಅಂತ ನನ್ನ ಅಭಿಪ್ರಾಯ.

ಕುಮಟಾದಿಂದ: ಚಿಕ್ಕವನಿದ್ದಾಗ ಓದಿದ ಕಥೆಯನ್ನೇ ಈಗ ವಿದೇಶದ ದಪ್ಪ ಪುಸ್ತಕದಲ್ಲಿ ಓದಿದೆ. ಕಥೆ ಉದ್ದ ಇದೆ. ನಾನು ನೋಡದೇ ಇದ್ದ ಚಿತ್ರಗಳಿವೆ. ಡೆಂಕಾಲಿ ಅಂತ ಊರಿನ ಹೆಸರೇ ಇಲ್ಲ! ಇದು ನಕಲಿ ಪುಸ್ತಕವಾ?

ಪುಸ್ತಕ ಅಸಲಿ. ಕತ್ತರಿಸಿದ್ದು ನಮ್ಮವರು.

ಫ್ಯಾಂಟಮ್ ಹುಟ್ಟಿದ್ದು ಪುಸ್ತಕದಲ್ಲಿ ಅಲ್ಲ, ದಿನಪತ್ರಿಕೆಯಲ್ಲಿ. ಅಮೆರಿಕದ ಲೇಖಕ ಲೀ ಫಾಕ್ ಅದನ್ನು 1936ರ ಫೆಬ್ರವರಿ 17ಕ್ಕೆ ಶುರು ಮಾಡಿದರು. ದಿನಕ್ಕೆ ಒಂದು ಸಾಲು ಚಿತ್ರದ ಪಟ್ಟಿ, ಅದರಲ್ಲಿ ಮೂರೋ ನಾಲ್ಕೋ ಚೌಕ, ಭಾನುವಾರ ಬಿಟ್ಟು ವಾರಕ್ಕೆ 6. ಈಗ ಲೆಕ್ಕ ಹಾಕಿ. ಒಂದು ಕಥೆ 20 ವಾರ ನಡೆಯಿತು ಅಂದುಕೊಂಡರೆ 120 ಪಟ್ಟಿ, ಪಟ್ಟಿಗೆ ಮೂರರಂತೆ 360 ಚೌಕ. ಇಂದ್ರಜಾಲದ ಒಂದು ಪುಟಕ್ಕೆ ಆರೋ ಏಳೋ ಚೌಕ ಹಿಡಿಸಿದರೂ 30 ಪುಟದಲ್ಲಿ ಇನ್ನೂರರ ಆಸುಪಾಸು. ಉಳಿದದ್ದು ಎಲ್ಲಿಗೆ ಹೋಗಬೇಕು? ಕತ್ತರಿಗೇ ಹೋಗಬೇಕು.

ಆದರೆ ಕತ್ತರಿ ಹಾಕಿದವರನ್ನು ನಾನು ಪೂರ್ತಿ ಬೈಯೋದಿಲ್ಲ. ದಿನಪತ್ರಿಕೆಯ ಪಟ್ಟಿಯಲ್ಲಿ ಮೊದಲ ಚೌಕ ಹೆಚ್ಚಾಗಿ ನಿನ್ನೆಯದ್ದನ್ನೇ ಹೇಳುತ್ತದೆ. ಬಯಲಾಟಕ್ಕೆ ತಡವಾಗಿ ಬಂದು ಕೂತವರಿಗಾಗಿ ಭಾಗವತರು ಪದ ಮತ್ತೊಮ್ಮೆ ಎತ್ತಿದ ಹಾಗೆ. ದಿನಾ ಒಂದೊಂದು ಓದುವವರಿಗೆ ಅದು ಬೇಕು. ಸಾಲಾಗಿ ಕೂತು ಓದುವವರಿಗೆ ಕಿರಿಕಿರಿ. ಇಂದ್ರಜಾಲ ಆ ಕಿರಿಕಿರಿಯನ್ನು ತೆಗೆದುಹಾಕಿತು, ಕಥೆ ಓಡತೊಡಗಿತು. ಜೊತೆಗೆ ಒಳ್ಳೇ ಮಾತುಕತೆ, ಕಾಡಿನ ನೋಟ, ಪ್ರೇಯಸಿ ಡಯಾನಾಳ ಜೊತೆಗಿನ ಸಣ್ಣ ಸರಸ ಇವೂ ಹೋಗಿರುತ್ತವೆ, ಅದು ಮಾತ್ರ ನಷ್ಟ. ಮೂಲದಲ್ಲಿ ದಿನದ ಪಟ್ಟಿ ಕಪ್ಪು ಬಿಳುಪು. ಬಣ್ಣ ತುಂಬಿದ್ದು ಆಮೇಲೆ.

ಇನ್ನು ಡೆಂಕಾಲಿ. ಮೂಲದಲ್ಲಿ ಆ ದೇಶ ಬಂಗಾಲಾ. ಬಂಗಾಳ ನಮ್ಮಲ್ಲೇ ಇರುವಾಗ ಆ ಹೆಸರು ಇಟ್ಟುಕೊಂಡರೆ ಗೊಂದಲ, ಅದಕ್ಕೇ ಇಲ್ಲಿ ಡೆಂಕಾಲಿ ಮಾಡಿದರು. ಕಡಲ್ಗಳ್ಳರ ಗುಂಪಿನ ಸಿಂಗ್ ಅನ್ನೋ ಹೆಸರು ಸಿಂಗಾ ಆಯಿತು. ಅದರ ಕಾರಣ ಬಿಡಿಸಿ ಹೇಳಬೇಕಿಲ್ಲ, ಅಲ್ವಾ?

ಹೊನ್ನಾವರದಿಂದ: ಬ್ಯಾಟ್‌ಮ್ಯಾನ್ ಮೊದಲೋ ಫ್ಯಾಂಟಮ್ ಮೊದಲೋ? ಮನೇಲಿ ಅಣ್ಣ ತಮ್ಮ ಜಗಳ.

ಫ್ಯಾಂಟಮ್ 1936. ಸೂಪರ್‌ಮ್ಯಾನ್ 1938. ಬ್ಯಾಟ್‌ಮ್ಯಾನ್ 1939. ಮೈಗಂಟಿದ ಅಂಗಿ, ಕಣ್ಣಿನ ಗುಡ್ಡೆ ಕಾಣದ ಮುಖವಾಡ, ಇವೆರಡನ್ನೂ ಒಟ್ಟಿಗೆ ಹಾಕಿಕೊಂಡು ಮೊದಲು ಬಂದವನು ಇವನೇ. ಹಾರೋದಿಲ್ಲ, ಗುಂಡು ತಾಗಿದರೆ ರಕ್ತ ಬರುತ್ತದೆ. ಇವನನ್ನು ಸೂಪರ್‌ಹೀರೋ ಅನ್ನಬಹುದಾ ಅಂತ ಅಣ್ಣ ಮತ್ತೆ ಜಗಳ ತೆಗೆದರೆ ನೀವೇ ನೋಡಿಕೊಳ್ಳಿ.

ಗೋಕರ್ಣದಿಂದ: ನಮ್ಮ ಹೋಮ್‌ಸ್ಟೇಯಲ್ಲಿ ಉಳಿದಿದ್ದ ವಿದೇಶಿ ಹುಡುಗರು ಒಂದು ಕಾಮಿಕ್ಸ್ ಬಿಟ್ಟು ಹೋಗಿದ್ದಾರೆ. ಭಾಷೆ ಗೊತ್ತಾಗಲಿಲ್ಲ, ಮೇಲೆ ಫ್ಯಾಂಟೊಮೆನ್ ಅಂತಿದೆ. ಆದರೆ ಅಂಗಿ ನೀಲಿ! ಬಣ್ಣ ಮಾಸಿದ್ದಾ?

ಮಾಸಿದ್ದಲ್ಲ. ನಿಮ್ಮ ಕೈಲಿರೋದು ಸ್ವೀಡನ್ನಿನದ್ದು. ಅಲ್ಲಿ ಅವನು ನೀಲಿ, ಇಟಲಿಯಲ್ಲಿ ಕೆಂಪು. ಮೊದಲ ಮೂರು ವರ್ಷ ಪತ್ರಿಕೆಯಲ್ಲಿ ಕಪ್ಪು ಬಿಳುಪಾಗಿ ಬಂದದ್ದಕ್ಕೆ ಅಂಗಿಯ ಬಣ್ಣ ಯಾರಿಗೂ ಕಾಣಲಿಲ್ಲ. ಲೀ ಫಾಕ್ ಮನಸ್ಸಲ್ಲಿ ಇದ್ದದ್ದು ಬೂದು. 1939ರ ಮೇ 28ಕ್ಕೆ ಭಾನುವಾರದ ಬಣ್ಣದ ಪುಟ ಶುರುವಾದಾಗ ಅದು ನೇರಳೆಯಾಗಿ ಅಚ್ಚಾಯಿತು, ಹಾಗೇ ಉಳಿಯಿತು.

ಸ್ವೀಡನ್‌ನಲ್ಲಿ ಈ ಪತ್ರಿಕೆ 1950ರಿಂದ ಇದೆ. ಅಮೆರಿಕದ ಕಥೆ ಸಾಲದೆ ಅವರು ತಾವೇ ಹೊಸ ಕಥೆ ಬರೆಸಿ, ಚಿತ್ರ ಬರೆಸಿ ಹಾಕತೊಡಗಿದರು. ಅವು ಪತ್ರಿಕೆಯ ಪಟ್ಟಿಯಿಂದ ತಂದವಲ್ಲ, ಪುಸ್ತಕಕ್ಕೆಂದೇ ಮಾಡಿದವು, ಹಾಗಾಗಿ ಪುಟ ವಿಶಾಲವಾಗಿ ಕಾಣುತ್ತದೆ. ಜೋಪಾನವಾಗಿ ಇಟ್ಕೊಳ್ಳಿ. ಯಾರಿಗಾದರೂ ಬದಲಿಗೆ ಕೊಡೋದಿದ್ದರೆ ಕನಿಷ್ಠ ನಾಲ್ಕು ಇಂದ್ರಜಾಲ ಕೇಳಿ!

ಕಾರವಾರದಿಂದ: ಈಗ ಕೈಯಲ್ಲಿ ನಾಲ್ಕು ಕಾಸಿದೆ, ನಿವೃತ್ತಿಯೂ ಆಗಿದೆ. ಫ್ಯಾಂಟಮ್ ಪೂರ್ತಿ ಓದಬೇಕು. ಸಂಗ್ರಹ ಸಂಪುಟಗಳು ಹತ್ತಾರು ಕಾಣುತ್ತವೆ, ಎಲ್ಲದರ ಮೇಲೂ ಸಂಪೂರ್ಣ ಅಂತ ಬರೆದಿದೆ. ಯಾವುದನ್ನು ತಗೊಳ್ಳಲಿ?

ಸಂಪೂರ್ಣ ಅಂದರೆ ಯಾವುದರ ಸಂಪೂರ್ಣ ಅಂತ ಮೊದಲು ಕೇಳಿ ಸರ್. ಫ್ಯಾಂಟಮ್‌ಗೆ ಮೂರು ಹೊಳೆ ಇವೆ, ಮೂರೂ ಬೇರೆ ಬೇರೆ ಹರಿದವು.

ಒಂದು, ದಿನದ ಪಟ್ಟಿ. ಎರಡು, ಭಾನುವಾರದ ಬಣ್ಣದ ಪುಟ. ಇವೆರಡರಲ್ಲಿ ಒಂದೇ ಸಮಯಕ್ಕೆ ಬೇರೆ ಬೇರೆ ಕಥೆ ನಡೆಯುತ್ತಿತ್ತು. ಸೋಮವಾರದಿಂದ ಶನಿವಾರದ ತನಕ ಅವನು ಒಂದು ಕಡೆ ಕಳ್ಳರನ್ನು ಹಿಡಿಯುತ್ತಿದ್ದರೆ, ಭಾನುವಾರ ಇನ್ನೆಲ್ಲೋ ಇರುತ್ತಿದ್ದ. ಮೂರು, ಅಮೆರಿಕದಲ್ಲಿ ಕಾಮಿಕ್ಸ್ ಪುಸ್ತಕವಾಗಿಯೇ ಬಂದದ್ದು. ಇವನ್ನು ಒಂದೇ ಕಪಾಟಿನಲ್ಲಿ ಇಡಬಹುದು, ಒಂದೇ ಕ್ರಮದಲ್ಲಿ ಓದಲು ಆಗೋದಿಲ್ಲ.

ಅಮೆರಿಕದ ಹರ್ಮಿಸ್ ಪ್ರೆಸ್ 2010ರಲ್ಲಿ ದಿನದ ಪಟ್ಟಿಗಳ ಮೊದಲ ಸಂಪುಟ ತಂದಿತು. ಅದರಲ್ಲಿ 1936 ಮತ್ತು 1937ರವು ಇವೆ. ಚಿತ್ರ ರೇ ಮೂರ್ ಅವರದ್ದು. ಭಾನುವಾರದ ಪುಟಗಳಿಗೆ ಬೇರೆಯೇ ಸಂಪುಟಮಾಲೆ. ನೀವು ತರಿಸುವಾಗ ಹೆಸರಲ್ಲಿ ದಿನದ್ದೋ ಭಾನುವಾರದ್ದೋ ಅಂತ ಎರಡು ಸಲ ನೋಡಿ. ಎರಡರ ಮೇಲೂ ಸಂಪುಟ 1, ಸಂಪುಟ 2 ಅಂತಲೇ ಇರುತ್ತದೆ, ಅಲ್ಲೇ ಜನ ಬೇಸ್ತು ಬೀಳೋದು.

ಪುಸ್ತಕದ ಹೊಳೆಯ ಕಥೆ ತಮಾಷೆ ಇದೆ. 1962ರಲ್ಲಿ ಗೋಲ್ಡ್ ಕೀ ಅನ್ನೋ ಕಂಪನಿ ಶುರು ಮಾಡಿ 17 ಸಂಚಿಕೆ ತಂದಿತು. 1966ರಲ್ಲಿ ಕಿಂಗ್ ಕಾಮಿಕ್ಸ್ ಅದನ್ನು ತಗೊಂಡು 18ರಿಂದಲೇ ಮುಂದುವರಿಸಿ 28ಕ್ಕೆ ನಿಲ್ಲಿಸಿತು. 1969ರಲ್ಲಿ ಚಾರ್ಲ್‌ಟನ್ ಬಂತು, ಶುರು ಮಾಡಿದ್ದು 30ರಿಂದ! ಅದು 1977ರ ತನಕ, 74ರ ವರೆಗೆ ನಡೆಯಿತು. ನಡುವಿನ 29 ಅಮೆರಿಕದಲ್ಲಿ ಬರಲೇ ಇಲ್ಲ. ಯಾರಾದರೂ ಅಪರೂಪದ 29 ನನ್ನ ಹತ್ತಿರ ಇದೆ ಅಂತ ಬಂದರೆ ಚಾ ಕುಡಿಸಿ ಕಳಿಸಿ. ಈ ಮೂರೂ ಕಂಪನಿಯವನ್ನು ಹರ್ಮಿಸ್‌ನವರೇ ಗಟ್ಟಿ ರಟ್ಟಿನ ಸಂಪುಟಗಳಾಗಿ ತಂದಿದ್ದಾರೆ. ಚಾರ್ಲ್‌ಟನ್‌ನ ಕೊನೆಕೊನೆಯ ಸಂಚಿಕೆಗಳಲ್ಲಿ ಡಾನ್ ನ್ಯೂಟನ್ ಬರೆದ ಚಿತ್ರಗಳಿವೆ, ಅವುಗಳಿಗಾಗಿಯೇ ಆ ಸಂಪುಟ ತಗೊಂಡರೂ ತಪ್ಪಿಲ್ಲ. ಆಮೇಲೆ ಡಿಸಿ, ಮಾರ್ವೆಲ್, ಮೂನ್‌ಸ್ಟೋನ್, ಡೈನಮೈಟ್ ಎಲ್ಲ ಒಂದೊಂದು ಕೈ ನೋಡಿವೆ. ಅವು ಆಮೇಲೆ ನೋಡಿದರಾಯಿತು.

ಆಸ್ಟ್ರೇಲಿಯಾದ ಫ್ರೂ ಕಂಪನಿಯನ್ನು ಮರೆಯಬೇಡಿ. 1948ರಿಂದ ಫ್ಯಾಂಟಮ್ ಪುಸ್ತಕ ತರುತ್ತಿರುವವರು ಅವರು. ಅಮೆರಿಕದ ಪಟ್ಟಿ, ಸ್ವೀಡನ್ನಿನ ಕಥೆ ಎರಡನ್ನೂ ಹಾಕುತ್ತಾರೆ. ಒಳಗೆ ಹೆಚ್ಚಾಗಿ ಕಪ್ಪು ಬಿಳುಪು. ವಿಶೇಷ ಸಂಚಿಕೆ ಬಂದರೆ ಕೈಗೆ ಇಟ್ಟಿಗೆ ಕೊಟ್ಟಷ್ಟು ದಪ್ಪ.

ನನ್ನ ಸಲಹೆ ಕೇಳೋದಾದರೆ 1936ರಿಂದ ಶುರು ಮಾಡಬೇಡಿ. ನಿಮಗೆ ನೆನಪಿರುವ ಫ್ಯಾಂಟಮ್ ಸೈ ಬ್ಯಾರಿ ಅವರ ಕೈಯದ್ದು. ಮೂರ್ ಆದ ಮೇಲೆ ವಿಲ್ಸನ್ ಮೆಕಾಯ್ ಬರೆದರು, ಅವರು 1961ರಲ್ಲಿ ತೀರಿಕೊಂಡ ಮೇಲೆ ಬ್ಯಾರಿ ಬಂದು 1994ರ ತನಕ ಎಳೆದರು. ಬ್ಯಾರಿ ಬರೆದ ಕಾಡು ನೋಡಿ, ಮರದ ಬೇರು ಬೇರು ಕಾಣುತ್ತದೆ, ನೆರಳು ಎಲ್ಲಿ ಬೀಳಬೇಕೋ ಅಲ್ಲೇ ಬೀಳುತ್ತದೆ. ಆ ಕಾಲದ ಒಂದು ಸಂಪುಟ ತಗೊಂಡು, ದಿನಕ್ಕೆ ಹತ್ತು ಪಟ್ಟಿಯಷ್ಟೇ ಓದಿ. ಒಂದೇ ಕೂತಲ್ಲಿ ಮುಗಿಸಿದರೆ ಬೇಜಾರು ಬರುತ್ತದೆ, ಅದು ಹಾಗೆ ಓದಲಿಕ್ಕೆ ಬರೆದದ್ದೇ ಅಲ್ಲ. ರುಚಿ ಹತ್ತಿದರೆ ಹಿಂದಕ್ಕೆ ಹೋಗಿ.

ಅಂಕೋಲಾದಿಂದ: ಫ್ಯಾಂಟಮ್ ಅಲ್ಲದ ಪ್ರಶ್ನೆ, ಸಿಟ್ಟಾಗಬೇಡಿ. ಅಮರ ಚಿತ್ರಕಥೆಯಲ್ಲಿ ಕೃಷ್ಣ ಮೊದಲ ಪುಸ್ತಕ ಅಂತಾರೆ. ಆದರೆ ಹಳೇ ಪ್ರತಿ ಮೇಲೆ 11 ಅಂತ ಇದೆ. 1ರಿಂದ 10 ಎಲ್ಲಿ?

ಸಿಟ್ಟೇನು, ಇಂಥ ಪ್ರಶ್ನೆಗೇ ಕಾಯ್ತಿದ್ದೆ. ಆ ಹತ್ತು ಕನ್ನಡದಲ್ಲಿ ಇದ್ದವು!

ಅರವತ್ತರ ದಶಕದಲ್ಲಿ ಅಮರ ಚಿತ್ರಕಥೆಯ ಪ್ರಕಾಶಕರಾದ ಇಂಡಿಯಾ ಬುಕ್ ಹೌಸ್‌ನ ಬೆಂಗಳೂರು ಕಚೇರಿಯಲ್ಲಿದ್ದ ಜಿ. ಕೆ. ಅನಂತರಾಮ್ ಅವರು ಕನ್ನಡದ ಮಕ್ಕಳಿಗಾಗಿ ಹತ್ತು ಚಿತ್ರಕಥೆ ತಂದರು. ಕಥೆಗಳೆಲ್ಲ ಪರದೇಶದ್ದು. ಸಿಂಡ್ರೆಲಾ, ಪಿನೋಕಿಯೋ, ಸ್ನೋ ವೈಟ್, ಹೀಗೆ. ಸರಣಿಗೆ ನಮ್ಮ ಪುರಾಣದ ಕಥೆ ಸೇರಿದಾಗ ಎಣಿಕೆ 11ರಿಂದ ಮುಂದುವರಿಯಿತು, ಅದೇ ಕೃಷ್ಣ. ಅದನ್ನು ಮಾಡಿದ ಅನಂತ ಪೈ ನಮ್ಮ ಪಕ್ಕದ ಜಿಲ್ಲೆಯವರು, 1929ರಲ್ಲಿ ಕಾರ್ಕಳದಲ್ಲಿ ಹುಟ್ಟಿದವರು. ಅದಕ್ಕೂ ಮೊದಲು ಅವರು ಟೈಮ್ಸ್‌ನಲ್ಲಿ ಇದ್ದರು, ಇಂದ್ರಜಾಲ ಕಾಮಿಕ್ಸ್ ಹೊರಡಿಸುವ ಕೆಲಸದಲ್ಲಿ ಅವರ ಕೈ ಇತ್ತು. ನೋಡಿ, ತಿರುಗಿ ಫ್ಯಾಂಟಮ್‌ಗೇ ಬಂದೆವು.

ಈಗಿನ ಹೊಸ ಪ್ರತಿ ತಗೊಂಡರೆ ನಂಬರ್ 501ರಿಂದ ಶುರುವಾಗುತ್ತದೆ. ಅದನ್ನು ಹಳೇದರ ಜೊತೆ ಬೆರೆಸಿ ಇನ್ನೂ 490 ಬಾಕಿ ಅಂತ ಹುಡುಕಿಕೊಂಡು ಹೊರಡಬೇಡಿ. ಆ ಹತ್ತು ಕನ್ನಡ ಪುಸ್ತಕ ಯಾರ ಮನೆಯಲ್ಲಾದರೂ ಇದ್ದರೆ ದಯವಿಟ್ಟು ನನಗೆ ಒಂದು ಕಾರ್ಡು ಹಾಕಿ.

ಯಲ್ಲಾಪುರದಿಂದ: ಮಳೆಗಾಲ ಮುಗಿಯುವಷ್ಟರಲ್ಲಿ ಪುಸ್ತಕಕ್ಕೆಲ್ಲ ಬೂಷ್ಟು. ಒಂದಿಷ್ಟಕ್ಕೆ ಒರಲೆ ಹಿಡಿದಿದೆ. ಲ್ಯಾಮಿನೇಶನ್ ಮಾಡಿಸಲಾ?

ಬೇಡ, ಬೇಡ, ಬೇಡ. ಲ್ಯಾಮಿನೇಶನ್ ಮಾಡಿದರೆ ಬಿಸಿಯಲ್ಲಿ ಅಂಟಿದ ಪ್ಲಾಸ್ಟಿಕ್ ಮತ್ತೆ ಬಿಡಿಸಲು ಬರೋದಿಲ್ಲ. ಕಾಗದದೊಳಗಿನ ಹುಳಿ ಒಳಗೇ ಇದ್ದು ಅದನ್ನು ತಿನ್ನುತ್ತಾ ಹೋಗುತ್ತದೆ. ಸೆಲ್ಲೋಟೇಪ್ ಕೂಡ ಮುಟ್ಟಬೇಡಿ, ಕೆಲವು ವರ್ಷದಲ್ಲಿ ಟೇಪ್ ಉದುರುತ್ತದೆ, ಕಂದು ಕಲೆ ಉಳಿಯುತ್ತದೆ.

ಮೊದಲು ಪಿನ್ನು ನೋಡಿ. ನಮ್ಮ ಕಡೆಯ ಹವೆಗೆ ಮೊದಲು ಹಾಳಾಗೋದು ಅದೇ. ತುಕ್ಕು ಹಿಡಿದು, ಸುತ್ತ ಕೆಂಪು ಉಂಗುರ ಕಟ್ಟಿ, ಕಾಗದ ಅಲ್ಲೇ ಕರಗಿ, ಕಡೆಗೆ ನಡುವಿನ ಹಾಳೆ ಕೈಗೆ ಬರುತ್ತದೆ. ನಡುವಿನ ಹಾಳೆ ಬಿಡಿಸಿ, ಪಿನ್ನಿನ ಎರಡೂ ಕಾಲು ಎತ್ತಿ ನೆಟ್ಟಗೆ ಮಾಡಿ, ಆಮೇಲೆ ಹಿಂದಿನಿಂದ ಮೆಲ್ಲಗೆ ಹೊರಗೆ ತೆಗೆಯಿರಿ. ಅದೇ ತೂತಿನಲ್ಲಿ ಬಿಳಿ ಹತ್ತಿ ದಾರ ಪೋಣಿಸಿ ಸಡಿಲವಾಗಿ ಗಂಟು ಹಾಕಿ. ಗೋಣಿದಾರ ಬೇಡ, ಹರಿದುಬಿಡುತ್ತದೆ.

ಬೂಷ್ಟು ಬಂದದ್ದನ್ನು ಒದ್ದೆ ಬಟ್ಟೆಯಲ್ಲಿ ಒರೆಸಬೇಡಿ. ಒಣಹವೆ ಬಂದ ಮೇಲೆ ನೆರಳಲ್ಲಿ ಬಿಡಿಸಿಟ್ಟು, ಪೂರ್ತಿ ಒಣಗಿದ ಮೇಲೆ ಮೆತ್ತನೆ ಬ್ರಷ್‌ನಲ್ಲಿ ಮನೆಯ ಹೊರಗೆ ಕೊಡವಿ, ಮೂಗಿಗೆ ಬಟ್ಟೆ ಕಟ್ಟಿಕೊಂಡು. ಬಿಸಿಲಿಗೆ ಹರವಿದರೆ ಮುಖಪುಟದ ಬಣ್ಣ ಹೋಗುತ್ತದೆ, ಅಡಿಕೆ ಒಣಗಿಸುವ ಅಂಗಳದಲ್ಲಿ ಜಾಗ ಇದೆ ಅಂತ ಅಲ್ಲಿ ಹಾಕಬೇಡಿ. ಒರಲೆ ಹತ್ತಿದ ಕಟ್ಟನ್ನು ಬೇರೆಯದರಿಂದ ದೂರ ಇಡಿ. ಕಪಾಟು ಮಳೆ ಹೊಡೆಯುವ ಗೋಡೆಗೆ ತಾಗಿಕೊಂಡಿದ್ದರೆ ಒಂದು ಗೇಣು ಮುಂದಕ್ಕೆ ಎಳೆಯಿರಿ. ಅಷ್ಟು ಮಾಡಿದರೇ ಅರ್ಧ ಕೆಲಸ ಆಯಿತು.

ಕಾರವಾರದಿಂದ, ಇನ್ನೊಬ್ಬರು: ಒಬ್ಬರು ಒಂದು ಇಂದ್ರಜಾಲಕ್ಕೆ 5,000 ರೂಪಾಯಿ ಹೇಳುತ್ತಿದ್ದಾರೆ. ಕೊಡಬಹುದಾ?

ಅದು ಮೊದಲ 32ರೊಳಗಿನದ್ದಾ? ಅಲ್ಲವಾದರೆ ಕೈ ಮುಗಿದು ಬನ್ನಿ. ಹೌದಾದರೆ ದುಡ್ಡು ತೆಗೆಯುವ ಮೊದಲು ಪುಟ ಎಣಿಸಿ. ಪಿನ್ನು ಹೊಡೆದ ಪುಸ್ತಕದಲ್ಲಿ ಒಂದು ಹಾಳೆ ಹೋದರೆ ನಾಲ್ಕು ಪುಟ ಹೋದ ಹಾಗೆ, ನಡುವಿನದ್ದು ಹೋಗಿದ್ದರೆ ಹೊರಗಿನಿಂದ ಗೊತ್ತೇ ಆಗೋದಿಲ್ಲ. ಮುಖಪುಟ ಜೆರಾಕ್ಸ್ ತೆಗೆದು ಅಂಟಿಸಿದ್ದೂ ಇರುತ್ತದೆ, ಅಂಚಿನಲ್ಲಿ ಬೆರಳಾಡಿಸಿ ನೋಡಿ. ಕಥೆ ಬೇಕು ಅನ್ನೋರಿಗೆ ಅಷ್ಟು ದುಡ್ಡಿಗೆ ಒಳ್ಳೇ ಸಂಗ್ರಹ ಸಂಪುಟವೇ ಬರುತ್ತದೆ.

ದಾಂಡೇಲಿಯಿಂದ: ಮಗಳಿಗೆ ಹತ್ತು ವರ್ಷ. ನಾನು ಓದಿದ್ದನ್ನು ಅವಳಿಗೂ ಓದಿಸಬೇಕು ಅಂತ ಆಸೆ. ಫ್ಯಾಂಟಮ್ ಈಗಲೂ ಬರುತ್ತಿದೆಯಾ?

ಬರುತ್ತಿದೆ. ಲೀ ಫಾಕ್ 1999ರ ಮಾರ್ಚ್ 13ಕ್ಕೆ ತೀರಿಕೊಂಡರು, ಅಲ್ಲಿಯ ತನಕ ಬರೆಯುತ್ತಲೇ ಇದ್ದರು. ಆಮೇಲೆ ಟೋನಿ ಡಿಪಾಲ್ ಕಥೆ ಹಿಡಿದರು. ಚಿತ್ರದ ಕೈಗಳು ಬದಲಾಗುತ್ತಾ ಬಂದವು. ಪಾಲ್ ರಯಾನ್ 2016ರಲ್ಲಿ ಹಠಾತ್ ತೀರಿಕೊಂಡ ಮೇಲೆ ದಿನದ ಪಟ್ಟಿಗೆ ಮೈಕ್ ಮ್ಯಾನ್ಲಿ ಬಂದರು.

ಮಗಳಿಗೆ ಮಾತ್ರ ತೀರಾ ಹಳೆಯದರಿಂದ ಶುರು ಮಾಡಿಸಬೇಡಿ. ಮೂವತ್ತು, ನಲವತ್ತರ ದಶಕದ ಕಥೆಗಳಲ್ಲಿ ಕಾಡಿನ ಜನರನ್ನು, ಏಷ್ಯಾದವರನ್ನು ತೋರಿಸುವ ರೀತಿ ಈಗ ಓದಿದರೆ ಮುಜುಗರ ಆಗುತ್ತದೆ. ಬಿಳಿಯ ಒಬ್ಬ ಬಂದು ಎಲ್ಲರಿಗೂ ನ್ಯಾಯ ಹೇಳೋದು, ಉಳಿದವರು ಬೆರಗಾಗಿ ನಿಲ್ಲೋದು. ಹತ್ತು ವರ್ಷದವಳು ಅದನ್ನು ಕೇಳಿಯೇ ಕೇಳುತ್ತಾಳೆ, ಆಗ ನೀವು ಪಕ್ಕದಲ್ಲಿರಬೇಕು. ಅರವತ್ತರ ದಶಕದ ನಂತರ ಬಂಗಾಲಾಕ್ಕೆ ಲುವಾಗಾ ಅನ್ನೋ ಆಫ್ರಿಕನ್ ಅಧ್ಯಕ್ಷ ಬರುತ್ತಾರೆ, ಡಯಾನಾ ವಿಶ್ವಸಂಸ್ಥೆಯಲ್ಲಿ ಕೆಲಸ ಮಾಡುತ್ತಾಳೆ. ಅಲ್ಲಿಂದ ಓದಿಸಿ. ಅವರಿಬ್ಬರ, ಅಂದರೆ ಫ್ಯಾಂಟಮ್ ಮತ್ತು ಡಯಾನಾಳ, 1977ರ ಮದುವೆ ಕಥೆ ಸಿಕ್ಕರೆ ಅದನ್ನೇ ಮೊದಲು ಕೊಡಿ. ಆಮೇಲೆ ಏನಾಯ್ತು ಅಂತ ಅವಳೇ ಕೇಳಿದರೆ, 1979ರಲ್ಲಿ ಅವಳಿ ಮಕ್ಕಳು ಹುಟ್ಟುತ್ತವೆ, ಕಿಟ್ ಮತ್ತು ಹೆಲೋಯಿಸ್. ಅಪ್ಪನಿಂದ ಮಗನಿಗೆ ಬರುವ ಫ್ಯಾಂಟಮ್ ಪಟ್ಟ ಮುಂದೆ ಹೆಣ್ಣುಮಗುವಿಗೆ ಸಿಗಬಹುದಾ ಅಂತ ಪ್ರಶ್ನೆ ಬಂದರೆ, ಅದನ್ನು ನನಗೇ ಬರೆದು ಕಳಿಸಲು ಹೇಳಿ.